ಪಾರ್ಟಿ, ಪಾಸಿಂಗ್, ಚಿಮಣಿ ಎಣ್ಣಿ

ಬೈರಿದೇವರಕೊಪ್ಪ ದಾಟಿ ಧಾರವಾಡದ ಕಡೆ ಹೊರಟರೆ ಮೊದಲು ಸಿಗುವುದು ಅಮರಗೋಳದ ಎಪಿಎಂಸಿ, ಮುಂದೆ ನವನಗರ. ಎಪಿಎಂಸಿಯ ದಲಾಲಿ ಅಂಗಡಿಯಲ್ಲಿ ‘ಪಾರ್ಟಿ ಗಟ್ಟಿ ಐತ್ರಿ, ರೊಕ್ಕದ ಚಿಂತಿ ಬ್ಯಾಡ’ ಎಂದರೆ, ಮಾಲು ಕೊಳ್ಳಲು ಬಂದ ವ್ಯಾಪಾರಿ ಮಾತಿಗೆ ತಪ್ಪುವವನಲ್ಲ ಎಂದರ್ಥ. ನವನಗರದಲ್ಲಿ 2009ರಲ್ಲಿ ಆರಂಭವಾದ ಕರ್ನಾಟಕ ರಾಜ್ಯ ಕಾನೂನು ವಿಶ್ವವಿದ್ಯಾಲಯದ ತರಗತಿಯಲ್ಲಿ ಪಾರ್ಟಿ ಎಂದರೆ ವಾದಿ ಇಲ್ಲವೇ ಪ್ರತಿವಾದಿ. ಇವೆರಡರ ನಡುವೆ ಚಿಗರಿ ಬಸ್ಸಿನಲ್ಲಿ ಜೋತಾಡುತ್ತ ಹೋಗುವ ಹುಡುಗರಿಗೆ ಅದು ಗೆಳೆಯ ಕೊಡಿಸಬೇಕಾದ ಊಟ.

ಈ ದಲಾಲಿ ಅಂಗಡಿಯ ಪಾರ್ಟಿಯನ್ನು ಕೇಳಿದ ಕೂಡಲೇ ‘ನಮ್ಮವರು ಇಂಗ್ಲಿಷ್ ಕೆಡಿಸಿದರು’ ಎಂದು ನಗುವವರನ್ನು ನಾನು ಬಹಳ ಕಂಡಿದ್ದೇನೆ. ಆ ನಗು ನನಗೆ ಒಪ್ಪಿಗೆಯಿಲ್ಲ. ಇಂಗ್ಲಿಷಿನಲ್ಲೇ ಆ ಶಬ್ದಕ್ಕೆ ಪಾಲು, ಪಕ್ಷ ಎಂಬ ಅರ್ಥಗಳು ಹಳೆಯವು. ಮೋಜಿನ ಕೂಟ ಎಂಬುದು 18ನೇ ಶತಮಾನದಲ್ಲಿ ಬಂದು ಸೇರಿದ್ದು. ವ್ಯವಹಾರದ ಎದುರು ಪಕ್ಷವನ್ನು ಪಾರ್ಟಿ ಎನ್ನುವ ನಮ್ಮ ದಲಾಲರು ಹಳೆಯ ಅರ್ಥದ ಹತ್ತಿರವೇ ಇದ್ದಾರೆ.

ಕೋರ್ಟಿನ ಮಾತನ್ನೇ ನೋಡಿ. ಹೈಕೋರ್ಟಿನ ಸಂಚಾರಿ ಪೀಠ ಧಾರವಾಡಕ್ಕೆ ಬಂದದ್ದು 2008ರಲ್ಲಿ, ಕಾಯಂ ಆದದ್ದು 2013ರಲ್ಲಿ. ಅದಕ್ಕೂ ಮೊದಲು ಈ ಕಡೆಯ ರೈತರು ಬೆಂಗಳೂರಿನ ರಾತ್ರಿ ಬಸ್ಸು ಹತ್ತಬೇಕಿತ್ತು. ‘ನಾಳಿ ಡೇಟ್ ಐತಿ’ ಎಂದರೆ ಮನೆಯವರೆಲ್ಲ ಸುಮ್ಮನಾಗುತ್ತಿದ್ದರು. ಆ ಡೇಟಿನ ಹಿಂದೆ ಒಂದು ಹೊಲ, ಒಬ್ಬ ದಾಯಾದಿ, ವಕೀಲರ ಫೀ ಎಲ್ಲ ಇದ್ದವು. ‘ಸ್ಟೇ ತಂದೇನಿ’ ಎನ್ನುವವನಿಗೆ ಸ್ಟೇ ಎಂಬುದು ಕೈಯಲ್ಲಿ ಹಿಡಿದು ತರುವ ವಸ್ತು, ಹೊಲಕ್ಕೆ ಹಾಕಿದ ಬೇಲಿ. ನಿಘಂಟಿನಲ್ಲಿ ‘ತಡೆಯಾಜ್ಞೆ’ ಎಂದಿದೆ. ಸರಿಯಾದ ಅರ್ಥವೇ, ಆದರೆ ಆ ರೈತನ ನೆಮ್ಮದಿ ಅದರೊಳಗೆ ಹಿಡಿಸಿಲ್ಲ.

ಪಿ.ಬಿ. ರೋಡಿನ ಶಬ್ದ ಪಾಸಿಂಗ್. ‘ಕೆಎ 25 ಪಾಸಿಂಗ್ ಗಾಡಿ’ ಎಂದರೆ ಧಾರವಾಡದಲ್ಲಿ ನೋಂದಣಿಯಾದದ್ದು. ಗಾಡಿಯ ಹುಟ್ಟೂರನ್ನು ಹೇಳುವ ಈ ಅರ್ಥ ಇಂಗ್ಲೆಂಡಿನವರಿಗೆ ತಿಳಿಯಲಾರದು, ತಿಳಿಯಬೇಕಾಗಿಯೂ ಇಲ್ಲ.

ನನ್ನ ಮನಸ್ಸು ಹೆಚ್ಚು ಹೊತ್ತು ನಿಲ್ಲುವುದು ಚಿಮಣಿಯ ಹತ್ತಿರ. ಇಂಗ್ಲಿಷಿನಲ್ಲಿ ಅದು ಒಲೆಯ ಹೊಗೆ ಮನೆಯಿಂದ ಹೊರಹೋಗುವ ಕೊಳವೆ. ಕಂದೀಲಿನ ಬತ್ತಿಯ ಸುತ್ತ ನಿಲ್ಲಿಸುವ ಗಾಜಿನ ಬುರುಡೆಗೂ ಅದೇ ಹೆಸರು ಬಂತು, ಏಕೆಂದರೆ ಅದೂ ಗಾಳಿಯನ್ನು ಮೇಲಕ್ಕೆ ಸೆಳೆಯುತ್ತದೆ. ನಮ್ಮ ಕಡೆ ಆ ಹೆಸರು ದೀಪಕ್ಕೇ ಅಂಟಿಕೊಂಡಿತು. ಗಾಜಿಲ್ಲದ ತಗಡಿನ ಬುಡ್ಡಿಯೂ ಚಿಮಣಿ, ಅದಕ್ಕೆ ಹಾಕುವ ಸೀಮೆಎಣ್ಣೆ ಚಿಮಣಿ ಎಣ್ಣಿ. ಕೊಳವೆ ಗಾಜಾಯಿತು, ಗಾಜು ದೀಪವಾಯಿತು, ದೀಪ ಎಣ್ಣೆಗೆ ಹೆಸರು ಕೊಟ್ಟಿತು. ಕೊನೆಯ ಹೆಜ್ಜೆಗಳನ್ನು ಇಟ್ಟವರು ಬತ್ತಿ ಹೊಸೆದು, ಮಸಿ ಒರೆಸಿ, ಆ ಬೆಳಕಿನಲ್ಲಿ ರೊಟ್ಟಿ ಬಡಿದ ಹೆಂಗಸರು. ಇಂಗ್ಲಿಷಿನ ಒಂದಕ್ಷರವೂ ಅವರಿಗೆ ಬೇಕಾಗಿರಲಿಲ್ಲ.

ಅಂಥದೇ ಇನ್ನೊಂದು, ಕಂಟ್ರೋಲ್. ಹಿರಿಯರ ಬಾಯಲ್ಲಿ ನ್ಯಾಯಬೆಲೆ ಅಂಗಡಿ ‘ಕಂಟ್ರೋಲ್ ಅಂಗಡಿ’, ಅಲ್ಲಿಯದು ‘ಕಂಟ್ರೋಲ್ ಅಕ್ಕಿ’. ಎರಡನೆಯ ಮಹಾಯುದ್ಧದ ಕಾಲದಲ್ಲಿ ಸರಕಾರ ಧಾನ್ಯವನ್ನು ಹತೋಟಿಗೆ ತೆಗೆದುಕೊಂಡಾಗ ಧಾರವಾಡ ಜಿಲ್ಲೆ ಮುಂಬಯಿ ಪ್ರಾಂತದಲ್ಲಿತ್ತು. 1956ರಲ್ಲಿ ನಾವು ಮೈಸೂರು ರಾಜ್ಯಕ್ಕೆ ಸೇರಿದೆವು. ಕಂಟ್ರೋಲ್ ಮಾತ್ರ ಹಿರಿಯರ ನಾಲಿಗೆಯ ಮೇಲೆ ಉಳಿಯಿತು. ಬರಗಾಲ, ಚೀಲ ಹಿಡಿದು ನಿಂತ ಸರದಿ, ಮುಗ್ಗಲು ಕಾಳು ಎಲ್ಲವೂ ಆ ಒಂದು ಶಬ್ದದಲ್ಲಿವೆ. ಪಡಿತರ ಎಂಬ ಒಳ್ಳೆಯ ಶಬ್ದ ನಮಗಿದೆ. ಆದರೂ ಅಜ್ಜಿಯರು ಕಂಟ್ರೋಲ್ ಅಂದಾಗ ಅವರನ್ನು ತಿದ್ದಲು ನನಗೆ ಬಾಯಿ ಬರುವುದಿಲ್ಲ.

ಇವನ್ನೆಲ್ಲ ಯಾರು ಬರೆದಿಟ್ಟಿದ್ದಾರೆ? 1853ರಲ್ಲಿ ಈ ಸೀಮೆಗೆ ಬಂದ ಫರ್ಡಿನಂಡ್ ಕಿಟೆಲ್ 1894ರಲ್ಲಿ ಮಂಗಳೂರಿನಿಂದ ಕನ್ನಡ–ಇಂಗ್ಲಿಷ್ ನಿಘಂಟನ್ನು ಹೊರತಂದರು. ಗ್ರಂಥಗಳ ಕನ್ನಡದ ಪಕ್ಕದಲ್ಲೇ ಜನರ ಗಾದೆಗಳನ್ನೂ ಕೂರಿಸಿದರು. ಜಿ. ವೆಂಕಟಸುಬ್ಬಯ್ಯನವರು ಎರವಲು ಪದಗಳಿಗೇ ಒಂದು ಕೋಶ ಮಾಡಿಕೊಟ್ಟರು, 2021ರಲ್ಲಿ 107ರ ವಯಸ್ಸಿನಲ್ಲಿ ತೀರಿಕೊಂಡರು. ಆಕ್ಸ್‌ಫರ್ಡ್ ನಿಘಂಟಿನ ಸಂಪಾದಕ ಜೇಮ್ಸ್ ಮರ್ರೆ 1879ರಲ್ಲಿ ಓದುಗರಿಗೆ ಮನವಿ ಮಾಡಿದ್ದ: ಪುಸ್ತಕಗಳಲ್ಲಿ ಶಬ್ದ ಬಳಕೆಯಾದ ವಾಕ್ಯವನ್ನು ಚೀಟಿಯಲ್ಲಿ ಬರೆದು ಕಳಿಸಿ ಎಂದು. ಸಾವಿರಾರು ಜನ ಕಳಿಸಿದರು.

ನಮಗೂ ಅಂಥ ಚೀಟಿಗಳು ಬೇಕು, ಆದರೆ ಪುಸ್ತಕದಿಂದಲ್ಲ, ಬಾಯಿಯಿಂದ. ಎಪಿಎಂಸಿಯ ಹಮಾಲರು, ಲಾರಿ ಡ್ರೈವರುಗಳು, ಕೋರ್ಟಿನ ಅಂಗಳದಲ್ಲಿ ಕಾಯುವವರು, ಹಳೇ ಓಣಿಯ ಅಜ್ಜಿಯರು ಹೇಳಿದ್ದನ್ನು ಅವರ ವಾಕ್ಯದೊಂದಿಗೇ ಬರೆದುಕೊಳ್ಳಬೇಕು. ವಿದ್ಯುತ್ತು ಬಂದು ಚಿಮಣಿ ಮೂಲೆ ಸೇರಿದೆ. ಅದರ ಎಣ್ಣೆ ಅಂಗಡಿಯಲ್ಲಿ ಕಾಣುವುದೇ ಅಪರೂಪ. ಕಾನೂನು ಓದುವ ಮಕ್ಕಳು ರಜೆಗೆ ಊರಿಗೆ ಹೋದಾಗ ಮೊದಲು ಮನೆಯಲ್ಲೇ ಕೇಳಲಿ: ‘ಅಜ್ಜಿ, ಕಂಟ್ರೋಲ್ ಅಂಗಡಿಯೊಳಗ ಏನೇನ ಸಿಗತಿತ್ತು?’