ದರೋಜಿಯ ಈರಮ್ಮನವರು

ನಾನು ಬಾದನಹಟ್ಟಿಯ ನಮ್ಮ ಮನೆಯ ಜಗಲಿಯ ಮೇಲೆ ಅಮರಕೋಶವನ್ನು ಉರುಹೊಡೆಯುತ್ತಿದ್ದ ಬಾಲ್ಯದಲ್ಲಿ, ಸುಗ್ಗಿ ಮುಗಿದೊಡನೆ ತಂಬೂರಿ ಹೊತ್ತ ಬುಡ್ಗಜಂಗಮರು ಊರಿಗೆ ಬರುತ್ತಿದ್ದರು. ರಾತ್ರಿ ಅವರ ಬುರ್ರಕಥೆಯನ್ನು ಕೇಳಲು ನನಗೆ ಅಪ್ಪಣೆಯಿರಲಿಲ್ಲ. “ತಿರಿದುಣ್ಣುವವರ ಹಾಡಿನ ಗೊಡವೆ ನಿನಗೇತಕ್ಕಪ್ಪಾ?” ಎಂದು ಹಿರಿಯರು ಗದರುವರು. ನಾನೂ ಬಹುಕಾಲ ಹಾಗೆಯೇ ಎಣಿಸಿದ್ದೆನು.

ಆ ಭ್ರಾಂತಿಯನ್ನು ಕಳೆದವರು ಸಂಡೂರು ತಾಲೂಕಿನ ದರೋಜಿಯ ಈರಮ್ಮನವರು. 1930ರಲ್ಲಿ ಜನಿಸಿದ ಈಕೆಗೆ ಅಕ್ಷರಾಭ್ಯಾಸವಿರಲಿಲ್ಲ. ಕುಲವಿದ್ಯೆಯು ತಂದೆಯ ಬಾಯಿಂದ ಮಗಳ ಕಿವಿಗೆ ಇಳಿದು ಬಂದಿತ್ತು. ಆ ಜನರ ಮನೆಮಾತು ತೆಲುಗು. ಈಕೆಯಾದರೋ ಕನ್ನಡದಲ್ಲಿ ರಾತ್ರಿಗಟ್ಟಲೆ ಹಾಡಬಲ್ಲವರು. ಕುಮಾರರಾಮ, ಬಾಲನಾಗಮ್ಮ ಮೊದಲಾದ 12 ಕಾವ್ಯಗಳು ಕಂಠಸ್ಥವಾಗಿದ್ದು, ಅಚ್ಚಿನಲ್ಲಿ ಅವು ಸುಮಾರು 7000 ಪುಟಗಳಾಗುವುವೆಂದು ಎಣಿಕೆ.

ಕುಮಾರರಾಮನು ನಮಗೆ ನೆರೆಯವನು. 14ನೆಯ ಶತಮಾನದಲ್ಲಿ ದಿಲ್ಲಿಯ ಸೈನ್ಯವನ್ನು ಎದುರಿಸಿದ ಅವನ ಕಂಪಿಲಿಯೇ ಇಂದಿನ ಕಂಪ್ಲಿ. ನಂಜುಂಡ ಕವಿಯ ಸಾಂಗತ್ಯವನ್ನು ಓದಿದ್ದ ನಾನು, ಈರಮ್ಮನವರು ಹಾಡುವಲ್ಲಿಗೆ ಒಮ್ಮೆ ಪರೀಕ್ಷಕನಂತೆ ಹೋಗಿ ಕುಳಿತೆನು. ಮಲತಾಯಿ ರತ್ನಾಜಿಯ ಪ್ರಸಂಗ ಬರುವ ವೇಳೆಗೆ ಪರೀಕ್ಷೆಯನ್ನೂ ಮರೆತಿದ್ದೆನು, ಸಾಂಗತ್ಯವನ್ನೂ ಮರೆತಿದ್ದೆನು.

ಪಾಠಶಾಲೆಯಲ್ಲಿ ಒಂದು ಮಾತ್ರೆ ತಪ್ಪಿದರೂ ಬೆತ್ತವೇಳುತ್ತಿತ್ತು. ಇದ್ದುದನ್ನು ಇದ್ದಂತೆ ಒಪ್ಪಿಸುವುದೇ ನಮ್ಮ ವಿದ್ಯೆ. ಬುರ್ರಕಥೆಯವರ ಕ್ರಮವೇ ಬೇರೆ. ಕಥೆಯ ಎಲುಬುಗೂಡು, ಪದೇ ಪದೇ ಬರುವ ನುಡಿಗಟ್ಟು, ತಂಬೂರಿಯ ಲಯ, ಇಷ್ಟನ್ನು ಹಿಡಿದುಕೊಂಡು ಎದುರಿಗಿರುವ ಜನರನ್ನು ನೋಡಿ ಕಥೆಯನ್ನು ಅಲ್ಲಲ್ಲೇ ಕಟ್ಟಬೇಕು. ಪಕ್ಕದವರು ಪಲ್ಲವಿಯನ್ನು ಎತ್ತಿಕೊಂಡಾಗ ಸಿಕ್ಕುವ ಅರೆಕ್ಷಣದಲ್ಲಿ ಮುಂದಿನ ಮಾತು ಸಿದ್ಧವಾಗಬೇಕು. ಆದುದರಿಂದ ಆ 7000 ಪುಟಗಳನ್ನು ಯಾರು ಬಾಯಿಪಾಠ ಮಾಡಿದರೂ ಈರಮ್ಮನವರಾಗಲಾರರು. ಬಳಿಯಲ್ಲಿ ಕುಳಿತು ಪಲ್ಲವಿ ಹೇಳುತ್ತ ಬೆಳೆದ ಮನೆಯ ಮಕ್ಕಳಿಗೆ ಮಾತ್ರ ಅದು ದಕ್ಕುವುದು. ನಮ್ಮ ವೇದಪಾಠಿಗಳೂ ಇದನ್ನು ಸ್ವಲ್ಪ ಯೋಚಿಸಬೇಕು.

ಸರಕಾರವು 1999ರಲ್ಲಿ ರಾಜ್ಯೋತ್ಸವ ಪ್ರಶಸ್ತಿಯನ್ನೂ, ಹಂಪಿಯ ಕನ್ನಡ ವಿಶ್ವವಿದ್ಯಾಲಯವು 2003ರಲ್ಲಿ ನಾಡೋಜ ಪದವಿಯನ್ನೂ ಇತ್ತು ಗೌರವಿಸಿದುವು. 2014ರ ಆಗಸ್ಟ್ 12ರಂದು ಅವರು ತೀರಿಕೊಂಡರು.

ವಾರ್ತೆಯನ್ನು ಓದಿದ ದಿನ ನನಗೆ ನೆನಪಾದವಳು ನನ್ನ ತರಗತಿಯಲ್ಲಿದ್ದ ಆ ಕುಲದ ಒಬ್ಬ ಹುಡುಗಿ. ಸುಗ್ಗಿ ಬಂತೆಂದರೆ ತಾಯಿಯೊಡನೆ ಕಥೆಗೆ ಹೊರಟುಬಿಡುವಳು. ತಿರುಗಿ ಬಂದಾಗ ಪದ್ಯ ಒಪ್ಪಿಸೆಂದರೆ ತಡವರಿಸುವಳು. “ನಿನ್ನ ತಲೆಯಲ್ಲಿ ಏನೂ ನಿಲ್ಲದು” ಎಂದು ನಾನು ಎಲ್ಲರೆದುರು ಅಂದಿದ್ದೆನು. ತಾಯಿಯೊಡನೆ ಏನು ಹಾಡುತ್ತೀಯೆ ಎಂದು ಒಂದು ದಿನವೂ ಕೇಳಲಿಲ್ಲ. ಮರುವರ್ಷ ಅವಳು ಶಾಲೆಗೆ ಬರಲಿಲ್ಲ; ಹಾಜರಿ ಪುಸ್ತಕದಲ್ಲಿ ಅವಳ ಹೆಸರಿನ ಮೇಲೆ ಕೆಂಪು ಗೆರೆ ಎಳೆದವನು ನಾನೇ.