ಎದೆಯ ತಾಳ, ಮಾತ್ರೆಯ ಲೆಕ್ಕ



ನಮ್ಮ ದೇಹೂ ರೋಡಿನ ಕನ್ನಡ ಮನೆಗಳಲ್ಲಿ ಈಗ ಉಪ್ಪಿನಕಾಯಿ ಭರಣಿಯ ಪಕ್ಕದಲ್ಲೇ ಮಾತ್ರೆಗಳ ಡಬ್ಬಿಯೂ ಇರುತ್ತದೆ. ಡಿಪೋ, ಫ್ಯಾಕ್ಟರಿ, ರೇಲ್ವೆ ಎಂದು ಧಾರವಾಡ, ವಿಜಯಪುರ, ಕಲಬುರಗಿಯ ಕಡೆಯಿಂದ ಬಂದು ನೆಲೆಸಿದ ನಿಮ್ಮ ಹಿರಿಯರಿಗೆ ವಯಸ್ಸಾಗುತ್ತಿದೆ. ಆ ಡಬ್ಬಿಯಲ್ಲಿ ಏನಿದೆ, ಏಕಿದೆ ಎಂಬುದು ನಿಮಗೆ ಗೊತ್ತೇ? ಇಡೀ ಸರ್ವಿಸನ್ನು ಸ್ಟೋರಿನ ಲೆಕ್ಕ ಬರೆಯುವುದರಲ್ಲಿ ಕಳೆದ ನಾನು, ನಮ್ಮ ಮನೆಯ ಡಬ್ಬಿಯ ಲೆಕ್ಕವನ್ನು ನಿಮ್ಮ ಮುಂದಿಡುತ್ತೇನೆ.

ನನ್ನ ಹೆಂಡತಿಗೆ ಗದಗಿನಲ್ಲಿ, ಹತ್ತು ವರ್ಷದವಳಿದ್ದಾಗ, ಗಂಟಲು ನೋವು ಬಂದು, ಆಮೇಲೆ ಜ್ವರ ಮತ್ತು ಕೀಲುಬಾವು ಬಂದಿತ್ತು. ಕೀಲು ವಾಸಿಯಾಯಿತು. ಆದರೆ ಆ ರುಮ್ಯಾಟಿಕ್ ಜ್ವರ ಹೃದಯದ ಎಡಭಾಗದ ಮೈಟ್ರಲ್ ಕವಾಟವನ್ನು ಬಿಗಿಮಾಡಿ ಹೋಯಿತು. ಹೀಗೆ ಜ್ವರ ಬಂದ ಮಕ್ಕಳಿಗೆ ಮೂರು ವಾರಕ್ಕೊಮ್ಮೆ ಪೆನಿಸಿಲಿನ್ ಚುಚ್ಚುಮದ್ದು ಕೊಟ್ಟರೆ ಜ್ವರ ಮರಳದಂತೆ ತಡೆಯಬಹುದು. ನಮ್ಮ ಸ್ಟೇಷನ್ನಿನಿಂದ ಪುಣೆಯ ಕಡೆಗೆ ಮೂರನೆಯ ಸ್ಟೇಷನ್ ಪಿಂಪ್ರಿ. ಪೆನಿಸಿಲಿನ್ ತಯಾರಿಸಲೆಂದೇ 1954ರಲ್ಲಿ ಸರಕಾರ ಅಲ್ಲಿ ಹಿಂದೂಸ್ತಾನ್ ಆಂಟಿಬಯಾಟಿಕ್ಸ್ ಸ್ಥಾಪಿಸಿತು. ಅಂಥ ಔಷಧ ಗದಗಿನ ಆ ಓಣಿಯ ಹುಡುಗಿಯನ್ನು ಸಕಾಲಕ್ಕೆ ಮುಟ್ಟಲಿಲ್ಲ.

2011ರ ಒಂದು ಬೆಳಿಗ್ಗೆ ಅವಳು, "ಎದ್ಯಾಗ ಪಾರಿವಾಳ ರೆಕ್ಕಿ ಬಡದಂಗ ಆಗ್ತದ" ಎಂದಳು. ಪೇಟೆಯಲ್ಲಿ ಸೊಗಸಾಗಿ ಮರಾಠಿ ಮಾತಾಡುವ ಅವಳಿಗೆ ಡಾಕ್ಟರರ ಮುಂದೆ ಬೇರೆ ಭಾಷೆಯೇ ಹೊರಡಲಿಲ್ಲ. ಇಲ್ಲಿಯೇ ಹುಟ್ಟಿ ಬೆಳೆದ ಮಗಳು ಅದನ್ನು 'ಛಾತೀ ಮೇ ದರ್ದ್' ಎಂದು ಹೇಳಿಬಿಡದೆ, "ನೋವಿಲ್ಲ, ಬಡಿತ ಅಡ್ಡಾದಿಡ್ಡಿ ಆಗಿದೆ" ಎಂದು ವಿವರಿಸಿದಳು. ಡಾಕ್ಟರರು ನಾಡಿ ಹಿಡಿದು, ಇಸಿಜಿ ತೆಗೆಸಿ, 'ಏಟ್ರಿಯಲ್ ಫಿಬ್ರಿಲೇಶನ್' ಎಂದರು. ಎದೆ ಹಾರುವುದು, ಎದೆ ನೋಯುವುದು, ಜೀವ ಕಳವಳಿಸುವುದು, ಕಣ್ಣಿಗೆ ಕತ್ತಲೆ ಬರುವುದು ಇವೆಲ್ಲ ಬೇರೆ ಬೇರೆ. ಅಜ್ಜಿಯ ಕನ್ನಡ ನಿಮಗೆ ಏಕೆ ಬೇಕು ಎಂದು ಕೇಳುತ್ತೀರಲ್ಲ, ಇದಕ್ಕೂ ಬೇಕು.

ಏನಿದು ಕಾಯಿಲೆ? ಹೃದಯದ ಮೇಲಿನ ಎರಡು ಕೋಣೆಗಳು ಒಂದೇ ತಾಳಕ್ಕೆ ಕುಗ್ಗುವ ಬದಲು ನಿಮಿಷಕ್ಕೆ 350ಕ್ಕೂ ಹೆಚ್ಚು ಸಲ ಬರೀ ನಡುಗುತ್ತವೆ. ಕೆಳಗಿನ ಕೋಣೆಗಳಿಗೆ ಅದರಲ್ಲಿ ಕೆಲವೇ ಸಂದೇಶಗಳು, ಅದೂ ಕ್ರಮವಿಲ್ಲದೆ, ತಲುಪುತ್ತವೆ. ಆಷಾಢದ ದಿಂಡಿಯಲ್ಲಿ ನೂರು ಜನ ತಾಳ ಹಾಕುವುದನ್ನು ನೀವು ದೇಹುವಿನಲ್ಲಿ ಕೇಳಿದ್ದೀರಿ. ಒಬ್ಬೊಬ್ಬರೂ ತಮಗೆ ತೋಚಿದಂತೆ ಬಡಿದರೆ ಪಖವಾಜಿನವನ ಗತಿ ಏನು? ಹಾಗೆಯೇ ಇದು. ನಡುಗುವ ಕೋಣೆಯಲ್ಲಿ ರಕ್ತ ನಿಂತು ಹೆಪ್ಪುಗಟ್ಟಬಹುದು. ಆ ಹೆಪ್ಪು ಮೆದುಳಿಗೆ ಹೋದರೆ ಪಾರ್ಶ್ವವಾಯು.

ಆದ್ದರಿಂದ ಡಬ್ಬಿಯಲ್ಲಿ ಎರಡು ಖಾತೆಗಳಿವೆ. ಒಂದು ತಾಳದ ಖಾತೆ, ಇನ್ನೊಂದು ಹೆಪ್ಪಿನ ಖಾತೆ. ಇವನ್ನು ಎಂದೂ ಕಲಸಬೇಡಿರಿ.

ತಾಳದ ಖಾತೆಯ ಕಥೆ ಸ್ವಾರಸ್ಯವಾಗಿದೆ. 1912ರಲ್ಲಿ ಡಚ್ ವ್ಯಾಪಾರಿಯೊಬ್ಬ ವೆಂಕೆಬಾಕ್ ಎಂಬ ವೈದ್ಯರ ಬಳಿ ಬಂದು, ತನ್ನ ಎದೆಯ ಅಡ್ಡಬಡಿತವನ್ನು ಒಂದು ಗ್ರಾಂ ಕ್ವಿನೈನಿನಿಂದ ತಾನೇ ನಿಲ್ಲಿಸಬಲ್ಲೆ ಎಂದ. ಮರುದಿನ ನೋಡಿದರೆ ನಾಡಿ ಸರಿಯಾಗಿತ್ತು! ಮಲೇರಿಯಾಕ್ಕೆಂದು ನೀಲಗಿರಿಯಲ್ಲಿ ಬ್ರಿಟಿಷರು ಬೆಳೆಸಿದ ಸಿಂಕೋನಾ ಮರದ ತೊಗಟೆಯ ಔಷಧವೇ ಅದು. 1918ರಲ್ಲಿ ಅದರ ಸೋದರ ಕ್ವಿನಿಡಿನ್ ಬಳಕೆಗೆ ಬಂತು. ತಾಳ ಸರಿಪಡಿಸುವ ಔಷಧವೇ ಕೆಲವೊಮ್ಮೆ ಇನ್ನೂ ಕೆಟ್ಟ ಅಪತಾಳ ಎಬ್ಬಿಸುತ್ತದೆ ಎಂಬುದನ್ನೂ ಅದೇ ಕಲಿಸಿತು.

ನಮ್ಮ ಮನೆಗೆ ಬಂದದ್ದು ಅಮಿಯೊಡರಾನ್. 1961ರಲ್ಲಿ ಬೆಲ್ಜಿಯಂನಲ್ಲಿ ಎದೆನೋವಿಗೆಂದು ತಯಾರಾದ ಮದ್ದು ಇದು. ತಾಳ ಹಿಡಿಯುವ ಗುಣ ಆಮೇಲೆ ತಿಳಿಯಿತು. ಮೊದಲ ಕೆಲವು ವಾರ ಹೆಚ್ಚು, ಆಮೇಲೆ ದಿನಕ್ಕೆ 200 ಮಿಲಿಗ್ರಾಂ. ಒಂದು ತಿಂಗಳಲ್ಲಿ ನಾಡಿ ಕ್ರಮಕ್ಕೆ ಬಂತು. ಅವಳು ಮತ್ತೆ ಜೋಳದ ರೊಟ್ಟಿ ತಟ್ಟಿದಳು.

ಆದರೆ ಈ ಮದ್ದಿಗೂ ಬಾಡಿಗೆ ಉಂಟು. 200 ಮಿಲಿಗ್ರಾಂ ಮಾತ್ರೆಯಲ್ಲಿ ಸುಮಾರು 75 ಮಿಲಿಗ್ರಾಂ ಅಯೋಡಿನ್ ಇದೆ. ನಮಗೆ ದಿನಕ್ಕೆ ಬೇಕಾದದ್ದು 0.15 ಮಿಲಿಗ್ರಾಂ ಮಾತ್ರ. ಹೀಗಾಗಿ ಥೈರಾಯ್ಡ್ ಗ್ರಂಥಿ ಸುಸ್ತಾಗಬಹುದು, ಇಲ್ಲವೇ ಅತಿಯಾಗಬಹುದು. ಶ್ವಾಸಕೋಶ, ಯಕೃತ್ತು, ಕಣ್ಣು, ಚರ್ಮಗಳ ಮೇಲೂ ಕಣ್ಣಿಡಬೇಕು. 2014ರಲ್ಲಿ ಅವಳಿಗೆ ಸದಾ ಚಳಿ, ಆಲಸ್ಯ, ಮುಖದಲ್ಲಿ ಬಾವು. ಆರು ತಿಂಗಳಿಗೊಮ್ಮೆ ಮಾಡಿಸುವ ರಕ್ತ ಪರೀಕ್ಷೆಯಲ್ಲಿ ಥೈರಾಯ್ಡ್ ಕುಸಿದದ್ದು ಕಂಡಿತು. ಡಾಕ್ಟರರು ಅದಕ್ಕೊಂದು ಮಾತ್ರೆ ಸೇರಿಸಿದರು.

ಹೆಪ್ಪಿನ ಖಾತೆಯಲ್ಲಿ ವಾರ್ಫರಿನ್. ಅಮಿಯೊಡರಾನ್ ಇದರ ಬಲವನ್ನು ಹೆಚ್ಚಿಸುತ್ತದೆ. ಒಂದು ಬಂದಾಗ ಇನ್ನೊಂದನ್ನು ಡಾಕ್ಟರರೇ ಕಡಿಮೆ ಮಾಡಿದರು. ಐಎನ್‌ಆರ್ ಎಂಬ ಪರೀಕ್ಷೆಯ ಅಂಕಿ 2 ಮತ್ತು 3ರ ನಡುವೆ ಇರಬೇಕು. ಮೆಂತ್ಯ, ಪಾಲಕ್ ಬಿಡಬೇಕಾಗಿಲ್ಲ. ಒಂದು ವಾರ ಬುಟ್ಟಿಗಟ್ಟಲೆ, ಮುಂದಿನ ವಾರ ಸೊನ್ನೆ ಎಂದಾಗಬಾರದು. ಹೊಸ ಮಾತ್ರೆಗಳಿವೆಯಲ್ಲ ಎನ್ನುವಿರಿ. ಅನೇಕರಿಗೆ ಅವು ಒಳ್ಳೆಯವೇ. ಆದರೆ ರುಮ್ಯಾಟಿಕ್ ಕವಾಟದವರಲ್ಲಿ ವಾರ್ಫರಿನ್ ಜಾತಿಯ ಹಳೆಯ ಮದ್ದೇ ಮೇಲು ಎಂದು 2022ರ ದೊಡ್ಡ ಅಧ್ಯಯನವೊಂದು ತೋರಿಸಿತು.

2016ರಲ್ಲಿ ಮಾತ್ರೆ ನುಂಗುತ್ತಿದ್ದರೂ ತಾಳ ಮತ್ತೆ ತಪ್ಪಿತು. ಮೇಲಿನ ಕೋಣೆ ಹಿಗ್ಗಿತ್ತು. "ಇನ್ನು ತಾಳದ ಹಿಂದೆ ಓಡುವುದು ಬೇಡ, ವೇಗವನ್ನು ಹಿಡಿದಿಡೋಣ" ಎಂದರು ಡಾಕ್ಟರರು. ನಮ್ಮ ಮಗಳು ಅತ್ತಳು, ಕೈಬಿಟ್ಟರೆಂದು. ಕೈಬಿಟ್ಟದ್ದಲ್ಲ. 2002ರಲ್ಲಿ 4060 ಜನರ ಮೇಲೆ ನಡೆದ 'ಅಫರ್ಮ್' ಅಧ್ಯಯನದಲ್ಲಿ, ಔಷಧದಿಂದ ತಾಳ ಕಾಯ್ದವರು ವೇಗ ಮಾತ್ರ ಕಾಯ್ದವರಿಗಿಂತ ಹೆಚ್ಚು ಕಾಲ ಬದುಕಲಿಲ್ಲ. ಕಾಯಿಲೆ ಶುರುವಾದ ಮೊದಲ ವರ್ಷದಲ್ಲೇ ತಾಳ ಹಿಡಿದರೆ ಲಾಭವಿದೆ ಎಂದು 2020ರ ಇನ್ನೊಂದು ಅಧ್ಯಯನ ಹೇಳಿತು. ಯಾರಿಗೆ ಯಾವುದು ಎಂಬುದನ್ನು ಕವಾಟ, ವಯಸ್ಸು, ಹೃದಯದ ಬಲ ನೋಡಿ ತಜ್ಞರೇ ಹೇಳಬೇಕು. ಅಮಿಯೊಡರಾನ್ ನಿಂತಿತು, ಕೊಬ್ಬಿನಲ್ಲಿ ಅಡಗಿದ್ದ ಅದರ ಅಂಶ ಕರಗಲು ತಿಂಗಳುಗಳೇ ಬೇಕಾದವು. ಈಗ ಅವಳ ನಾಡಿ ಕ್ರಮ ತಪ್ಪಿಯೇ ಇದೆ, ವೇಗ ಮಾತ್ರ ಹತೋಟಿಯಲ್ಲಿದೆ. ದಿನವೂ ಸ್ಟೇಷನ್ ತನಕ ನಡೆದು ಬರುತ್ತಾಳೆ.

ನಿಮ್ಮಲ್ಲಿ ನನ್ನ ಕೋರಿಕೆ ಇಷ್ಟೇ. ಭಾನುವಾರ ನಿಮ್ಮ ಅಜ್ಜ, ಅಜ್ಜಿ, ಅಪ್ಪ, ಅಮ್ಮಂದಿರ ಮಣಿಕಟ್ಟಿನಲ್ಲಿ, ಹೆಬ್ಬೆರಳಿನ ಬುಡಕ್ಕೆ, ಎರಡು ಬೆರಳಿಟ್ಟು ಪೂರ್ತಿ ಒಂದು ನಿಮಿಷ ಎಣಿಸಿರಿ. ತಾಳ ಅಡ್ಡಾದಿಡ್ಡಿಯಾಗಿದ್ದರೆ ಇಸಿಜಿ ಮಾಡಿಸಿರಿ. ಮಾತ್ರೆಗಳ ಹೆಸರು, ಪ್ರಮಾಣ, ಹೊತ್ತು ಕನ್ನಡದಲ್ಲಿ ಬರೆದು ಡಬ್ಬಿಯ ಮುಚ್ಚಳಕ್ಕೆ ಅಂಟಿಸಿರಿ. ಕನ್ನಡ ಬರೆಯಲು ಬಾರದಿದ್ದರೆ ಅವರಿಂದಲೇ ಬರೆಸಿಕೊಂಡು ಓದಲು ಕಲಿಯಿರಿ. "ಈಗ ಆರಾಮ ಅದೀನಿ" ಎಂದು ಅವರು ಹೆಪ್ಪಿನ ಮಾತ್ರೆ ಬಿಟ್ಟರೆ ಬಿಡಗೊಡಬೇಡಿರಿ, ಏಕೆಂದರೆ ತಾಳ ಸರಿಯಾದರೂ ಹೆಪ್ಪಿನ ಭಯ ಹೋಗಿರುವುದಿಲ್ಲ. ಬಾಯಿ ಓರೆಯಾದರೆ, ಕೈ ಸೋತರೆ, ಮಾತು ತೊದಲಿದರೆ ಒಂದು ಗಳಿಗೆಯೂ ಕಾಯದೆ ಆಸ್ಪತ್ರೆಗೆ ಓಡಿರಿ.

ಕೈ ಹಿಡಿದು ಒಂದು ನಿಮಿಷ ಕೂರಲು ಖರ್ಚಿಲ್ಲ. ಆ ನಿಮಿಷದಲ್ಲಿ ಅವರು ಊರಿನ ಸುದ್ದಿ ತೆಗೆದರೆ ಎಣಿಕೆ ತಪ್ಪುತ್ತದೆ. ತಪ್ಪಲಿ, ಸುದ್ದಿ ಮುಗಿದ ಮೇಲೆ ಮತ್ತೆ ಮೊದಲಿನಿಂದ ಎಣಿಸಿರಿ.