ಟೈಮಿಂಗ್ ಬೆಲ್ಟ್: ಸದ್ದು ಮಾಡದೆ ಹೋಗುವ ಸಾಮಾನು

ಈ ವಾರ ಅಡಿಕೆ, ಗೊಬ್ಬರ ಬದಿಗಿಟ್ಟು ಕಾರಿನ ವಿಷಯ ಬರೀತೇನೆ. ಸ್ವಲ್ಪ ಉದ್ದ ಆಗ್ತದೆ, ಪುರುಸೊತ್ತು ಇದ್ದಾಗ ಓದಿ.

ನಮ್ಮ ಗುರುವಾಯನಕೆರೆ, ವೇಣೂರು, ಬೆಳ್ತಂಗಡಿ ಕಡೆ ಒಂದೆರಡು ಎಕ್ರೆ ತೋಟ ಇದ್ದವರ ಮನೆಯಲ್ಲಿ ಈಗ ಕಾರು ಇದ್ದರೆ ಅದು ಶೋಕಿಗೆ ಅಲ್ಲ. ಹಿಂಡಿ ಗೋಣಿ ತರುವುದಕ್ಕೂ ಅದೇ, ಮದುವೆಗೂ ಅದೇ, ರಾತ್ರಿ ಹೊಟ್ಟೆನೋವು ಅಂದರೆ ಆಸ್ಪತ್ರೆಗೂ ಅದೇ. ಹೆಚ್ಚಿನದ್ದು ಸೆಕೆಂಡ್ ಹ್ಯಾಂಡ್. ಆಯಿಲ್ ಬದಲಿಸ್ತೇವೆ, ಟಯರ್ ನೋಡ್ತೇವೆ, ಬ್ಯಾಟರಿ ಹೋದರೆ ಹೊಸದು ಹಾಕ್ತೇವೆ. ಆದರೆ "ನಿಮ್ಮ ಗಾಡಿಯ ಟೈಮಿಂಗ್ ಬೆಲ್ಟ್ ಬದಲಿಸಿ ಎಷ್ಟು ವರ್ಷ ಆಯ್ತು?" ಅಂತ ಕೇಳಿದರೆ ಹೆಚ್ಚಿನವರು "ಅದು ಎಂತದು ಮಾರಾಯ್ರೆ?" ಅಂತ ನಮ್ಮನ್ನೇ ಕೇಳ್ತಾರೆ.

ನಮ್ಮದು ಇಂಡಿಕಾ ಡೀಸೆಲ್. 1998ರ ಕೊನೆಗೆ ಮಾರ್ಕೆಟಿಗೆ ಬಂದು 2018ರಲ್ಲಿ ನಿಂತುಹೋದ ಗಾಡಿ. ಈಗ ಹೊಸದು ಸಿಗುವುದಿಲ್ಲ, ಹಳೆಯದು ಮಾತ್ರ ಊರು ತುಂಬ ಓಡ್ತಾ ಉಂಟು. ಹೋದ ಆಯುಧ ಪೂಜೆಯ ಹೊತ್ತಿಗೆ ತಗೊಂಡದ್ದು. ಮೀಟರಿನಲ್ಲಿ 81 ಸಾವಿರ ಇತ್ತು. ಮಾರಿದವರ ಹತ್ತಿರ ಅವತ್ತೇ ಬೆಲ್ಟಿನ ವಿಷಯ ಕೇಳಿದ್ದೆ. "ಮಾಡಿಸಿದ ಹಾಗೆ ನೆನಪು" ಅಂದರು. ಬಿಲ್ಲು ಉಂಟಾ ಅಂದರೆ ಇಲ್ಲ. ಅವರು ಸುಳ್ಳು ಹೇಳಿದರು ಅಂತ ನಾನು ಹೇಳುವುದಿಲ್ಲ. ನೆನಪು ಅಂದರೆ ಹಾಗೆಯೇ. ನಮ್ಮ ತೋಟದಲ್ಲಿ ಎರಡು ವರ್ಷ ಹಿಂದೆ ಯಾವ ಸಾಲಿಗೆ ಸುಣ್ಣ ಹಾಕಿದ್ದು ಅಂತ ಬರೆದಿಡದಿದ್ದರೆ ನಮಗೂ ಹೇಳ್ಲಿಕ್ಕೆ ಆಗ್ತದಾ?

ಈಗ ಈ ಬೆಲ್ಟು ಎಂತ ಮಾಡ್ತದೆ ಅಂತ ಹೇಳ್ತೇನೆ. ನಾನು ಓದಿದ್ದು ಎಸ್ಸೆಸ್ಸೆಲ್ಸಿ, ಮೆಕ್ಯಾನಿಕ್ ಅಲ್ಲ. ಗ್ಯಾರೇಜಿನಲ್ಲಿ ಪಕ್ಕದಲ್ಲಿ ನಿಂತು ನೋಡಿ, ಕೇಳಿ ತಿಳಿದದ್ದು.

ಎಂಜಿನ್ನಿನ ಕೆಳಗೆ ಪಿಸ್ಟನ್‌ಗಳು ಏರಿ ಇಳಿಯುತ್ತಾ ಕ್ರ್ಯಾಂಕ್ ಶಾಫ್ಟನ್ನು ತಿರುಗಿಸ್ತವೆ. ಮೇಲೆ ಕ್ಯಾಮ್ ಶಾಫ್ಟ್ ಉಂಟು. ಗಾಳಿ ಒಳಗೆ ಬಿಡುವ, ಹೊಗೆ ಹೊರಗೆ ಬಿಡುವ ವಾಲ್ವುಗಳನ್ನು ಅದು ಒತ್ತಿ ತೆರೆಯುತ್ತದೆ. ಕೆಳಗಿನ ಶಾಫ್ಟ್ ಎರಡು ಸುತ್ತು ಬಂದಾಗ ಮೇಲಿನದ್ದು ಸರಿಯಾಗಿ ಒಂದು ಸುತ್ತು ಬರಬೇಕು. ಹೆಚ್ಚೂ ಅಲ್ಲ, ಕಡಿಮೆಯೂ ಅಲ್ಲ. ಈ ಲೆಕ್ಕ ತಪ್ಪದ ಹಾಗೆ ಎರಡನ್ನೂ ಕಟ್ಟಿ ಹಿಡಿಯುವುದೇ ಟೈಮಿಂಗ್ ಬೆಲ್ಟ್. ಅಕ್ಕಿ ಮಿಲ್ಲಿನ ಬೆಲ್ಟ್ ಸ್ವಲ್ಪ ಜಾರಿದರೆ ಮಿಲ್ಲು ನಿಧಾನ ಆಗ್ತದೆ, ಅಷ್ಟೆ. ಇದು ಜಾರುವ ಹಾಗೇ ಇಲ್ಲ. ಅದಕ್ಕೇ ಒಳಗಡೆ ಹಲ್ಲು ಇರ್ತದೆ. ರಬ್ಬರಿನ ಪಟ್ಟಿ, ಒಳಗೆ ಗಾಜಿನ ನಾರಿನ ಎಳೆ. ಹಲವು ಡೀಸೆಲ್ ಗಾಡಿಗಳಲ್ಲಿ ಡೀಸೆಲ್ ಪಂಪನ್ನೂ ಇದೇ ಬೆಲ್ಟ್ ತಿರುಗಿಸ್ತದೆ. ಕೆಲವದರಲ್ಲಿ ವಾಟರ್ ಪಂಪೂ ಇದರದ್ದೇ ಕೆಲಸ.

ಒಂದು ಲೆಕ್ಕ ನೋಡಿ. ಎಂಜಿನ್ ನಿಮಿಷಕ್ಕೆ 2000 ಸುತ್ತು ತಿರುಗುವಾಗ ಕ್ಯಾಮ್ 1000 ಸುತ್ತು. ಅಂದರೆ ಒಂದೊಂದು ವಾಲ್ವು ಸೆಕೆಂಡಿಗೆ 16 ಸಲ ತೆರೆದು ಮುಚ್ಚಿ ಆಗ್ತದೆ. ವಾಲ್ವು ಕೆಳಗೆ ಬರುವುದು ಪಿಸ್ಟನ್ ಇಳಿದ ಜಾಗಕ್ಕೆ. ಪಿಸ್ಟನ್ ಮೇಲೆ ಬರುವಾಗ ವಾಲ್ವು ಅಲ್ಲಿಂದ ಹೋಗಿ ಆಗಿರಬೇಕು. ಡೀಸೆಲ್ ಎಂಜಿನ್ನಿಗೆ ಪ್ಲಗ್ಗಿನ ಕಿಡಿ ಇಲ್ಲ. ಗಾಳಿಯನ್ನು ಒತ್ತಿ ಒತ್ತಿಯೇ ಡೀಸೆಲ್ ಹತ್ತಿಕೊಳ್ಳುವಷ್ಟು ಬಿಸಿ ಮಾಡಬೇಕು. ಹಳೆ ಡೀಸೆಲ್ ಎಂಜಿನ್‌ಗಳು ಗಾಳಿಯನ್ನು ಸುಮಾರು ಇಪ್ಪತ್ತರಲ್ಲಿ ಒಂದು ಪಾಲಿಗೆ ಒತ್ತುತ್ತವೆ. ಹಾಗಾಗಿ ಪಿಸ್ಟನ್ ಮೇಲೆ ಬಂದಾಗ ಉಳಿಯುವ ಜಾಗ ತುಂಬ ಸಣ್ಣದು. ಓಡುವಾಗ ಬೆಲ್ಟ್ ಕಡಿದರೆ ಕ್ಯಾಮ್ ನಿಲ್ತದೆ, ತೆರೆದ ವಾಲ್ವು ತೆರೆದೇ ಇರ್ತದೆ, ಪಿಸ್ಟನ್ ವೇಗದಲ್ಲಿ ಬಂದು ಅದಕ್ಕೆ ಬಡೀತದೆ. ವಾಲ್ವು ಬಗ್ಗಿತು, ಹೆಡ್ ಬಿಚ್ಚಬೇಕಾಯ್ತು. ಕೆಲವು ಪೆಟ್ರೋಲ್ ಎಂಜಿನ್‌ಗಳಲ್ಲಿ ಬೆಲ್ಟ್ ಕಡಿದರೂ ವಾಲ್ವು ಪಿಸ್ಟನ್ನಿಗೆ ತಾಗುವುದಿಲ್ಲ, ಗಾಡಿ ನಿಲ್ತದೆ ಅಷ್ಟೆ. ಡೀಸೆಲ್ಲಿನಲ್ಲಿ ಆ ಭಾಗ್ಯ ಇಲ್ಲ.

ಬೈಕ್ ಇರುವವರಿಗೆ ಟೈಮಿಂಗ್ ಚೈನ್ ಗೊತ್ತುಂಟು. ಅದು ಸಡಿಲ ಆದರೆ ಕಟಕಟ ಅಂತ ಸದ್ದು ಬರ್ತದೆ. ಮೂರು ಮನೆ ಆಚೆಯವರಿಗೂ ಕೇಳ್ತದೆ, "ನಿನ್ನ ಚೈನ್ ಹೋಗಿದೆ" ಅಂತ ಹೇಳ್ತಾರೆ. ಬೆಲ್ಟಿಗೆ ಆ ಗುಣ ಇಲ್ಲ. ಬೆಳಿಗ್ಗೆ ಸ್ಟಾರ್ಟ್ ಮಾಡುವಾಗ ಕುಂಯ್ ಅನ್ನುವುದು ಹೊರಗಿನ ಆಲ್ಟರ್ನೇಟರ್ ಬೆಲ್ಟ್, ಟೈಮಿಂಗ್ ಬೆಲ್ಟ್ ಅಲ್ಲ. ಇದು ಕವರಿನ ಒಳಗೆ ಇರ್ತದೆ, ಬಾನೆಟ್ ಎತ್ತಿದರೂ ಕಾಣುವುದಿಲ್ಲ. ಗ್ಯಾರೇಜಿನ ಹುಡುಗ ಹೇಳಿದ್ದು ಒಂದೇ ಮಾತು: "ಅಣ್ಣಾ, ಇದು ಹೇಳಿ ಹೋಗುವ ಜಾತಿ ಅಲ್ಲ."

ಕಾರಿಗೆ ರಬ್ಬರ್ ಬೆಲ್ಟ್ ಬಂದದ್ದು ತುಂಬ ಹಿಂದೆ ಏನಲ್ಲ. 1962ರಲ್ಲಿ ಜರ್ಮನಿಯ ಗ್ಲಾಸ್ ಅನ್ನುವ ಸಣ್ಣ ಕಂಪೆನಿಯ ಕಾರಿನಲ್ಲಿ ಮೊದಲು ಬಂತು. ಹಗುರ, ಸದ್ದು ಕಡಿಮೆ, ಆಯಿಲ್ ಬೇಡ, ಖರ್ಚೂ ಕಡಿಮೆ. ನಮ್ಮಲ್ಲಿ ಅಂಬಾಸಿಡರ್, ಫಿಯೆಟ್ ಕಾಲದಲ್ಲಿ ಚೈನ್ ಇತ್ತು. 1983ರ ಡಿಸೆಂಬರಿನಲ್ಲಿ ಮಾರುತಿ 800 ಬಂತು, ಆಮೇಲೆ ಓಮ್ನಿ ಬಂತು, ಹಾಗೆ ಹಳ್ಳಿ ಹಳ್ಳಿಗೂ ಬೆಲ್ಟ್ ಬಂತು. ಹಳೆ ಸ್ಯಾಂಟ್ರೋ, ಡಸ್ಟರ್ ಡೀಸೆಲ್, 2.5 ಡೀಸೆಲ್ ಇನ್ನೋವಾ ಎಲ್ಲ ಬೆಲ್ಟಿನವು. ಸ್ವಿಫ್ಟ್ 1.3 ಡೀಸೆಲ್, ಆಲ್ಟೊ ಕೆ10 ಚೈನಿನವು. ಟ್ರ್ಯಾಕ್ಟರುಗಳಲ್ಲಿ ಹೆಚ್ಚಾಗಿ ಗೇರು. ಹಳೆ ಇನ್ನೋವಾದಲ್ಲಿ ಒಂದು ಒಳ್ಳೆಯ ಏರ್ಪಾಡು ಉಂಟು: ಇಷ್ಟು ಕಿಲೋಮೀಟರ್ ಆದ ಮೇಲೆ ಡ್ಯಾಶ್‌ಬೋರ್ಡಿನಲ್ಲಿ ಟಿ-ಬೆಲ್ಟ್ ಅಂತ ಲೈಟ್ ಹತ್ತುತ್ತದೆ. ಅದು ಬೆಲ್ಟನ್ನು ನೋಡಿ ಹತ್ತುವುದಲ್ಲ, ಕಿಲೋಮೀಟರ್ ಲೆಕ್ಕ ನೋಡಿ ಹತ್ತುವುದು. ಕಾರು ಮಾಡಿದವರಿಗೂ ಬೆಲ್ಟಿನ ಸ್ಥಿತಿ ತಿಳಿಯಲು ಬೇರೆ ಉಪಾಯ ಇರಲಿಲ್ಲ, ಲೆಕ್ಕ ಇಡುವುದೊಂದೇ ದಾರಿ.

ನಮ್ಮ ಬಾವನಿಗೆ ಹೀಗೆ ಆಗಿತ್ತು. ಬೇರೆ ಡೀಸೆಲ್ ಗಾಡಿ. ವೇಣೂರು ರಸ್ತೆಯಲ್ಲಿ ಬರುವಾಗ ಟಕ್ ಅಂತ ಒಂದು ಸದ್ದು, ಎಂಜಿನ್ ಬಂದ್. ಸ್ಟಿಯರಿಂಗ್ ಕಲ್ಲಿನ ಹಾಗೆ ಆಯ್ತಂತೆ, ಬ್ರೇಕ್ ಎರಡು ಸಲ ಹಿಡೀತು, ಮೂರನೆಯ ಸಲಕ್ಕೆ ಪೆಡಲ್ ಗಟ್ಟಿ. ಸಮತಟ್ಟು ರಸ್ತೆ, ಹಗಲು ಹೊತ್ತು, ಬದಿಗೆ ತಂದು ನಿಲ್ಲಿಸಿದರು. ಹೆಡ್ ಬಿಚ್ಚಿ ನೋಡಿದರೆ ವಾಲ್ವುಗಳು ಬಗ್ಗಿದ್ದವು. 40 ಸಾವಿರದ ಹತ್ತಿರ ಖರ್ಚು, ಗಾಡಿ ಒಂದು ತಿಂಗಳು ಗ್ಯಾರೇಜಿನಲ್ಲಿ.

ಇಲ್ಲಿ ನನ್ನ ಮನೆಯ ವಿಷಯ ಬರ್ತದೆ. ಮಗಳನ್ನು ಕೊಟ್ಟದ್ದು ಮೂಡಿಗೆರೆ ಕಡೆಗೆ. ಚೊಚ್ಚಲ ಹೆರಿಗೆ. ಸೀಮಂತ ಮುಗಿಸಿ ಮೇ ತಿಂಗಳಲ್ಲಿ ಇಲ್ಲಿಗೆ ಕರ್ಕೊಂಡು ಬರಬೇಕು. ದಾರಿ ಚಾರ್ಮಾಡಿ ಘಾಟಿ. ಮಳೆ ಹಿಡಿದ ಮೇಲೆ ಆ ಘಾಟಿಯನ್ನು ನಂಬುವ ಹಾಗಿಲ್ಲ. 2019ರ ಆಗಸ್ಟಿನಲ್ಲಿ ಗುಡ್ಡ ಜರಿದು ರಸ್ತೆಯೇ ಬಂದ್ ಆದದ್ದು ನಮಗೆಲ್ಲ ನೆನಪುಂಟು. ಹಾಗಾಗಿ ಮಳೆಗೆ ಮೊದಲೇ ಹೋಗಿ ಬರಬೇಕು. ಬಾವನಿಗೆ ಆದದ್ದು ಸಮತಟ್ಟಿನಲ್ಲಿ. ಅದೇ ಘಾಟಿಯ ಇಳಿತದಲ್ಲಿ, ಫೋನ್ ಸಿಗದ ತಿರುವಿನಲ್ಲಿ, ಹಿಂದಿನ ಸೀಟಿನಲ್ಲಿ ಏಳು ತಿಂಗಳ ಬಸುರಿ ಇರುವಾಗ ಆದರೆ? ಒಮ್ಮೆ ತಲೆಗೆ ಬಂದ ಮೇಲೆ ಹೋಗ್ಲೇ ಇಲ್ಲ.

ಆದರೆ ಏಪ್ರಿಲ್ ತಿಂಗಳಲ್ಲಿ ರೈತನ ಕೈಯಲ್ಲಿ ದುಡ್ಡು ಎಲ್ಲಿ ಉಂಟು? ಮೈಲುತುತ್ತ ತರಬೇಕು, ಸುಣ್ಣ ತರಬೇಕು, ಮದ್ದು ಬಿಡುವವರಿಗೆ ಮುಂಗಡ ಕೊಡಬೇಕು. ಹೆಂಡತಿ ಹೇಳಿದಳು, "ಓಡ್ತಾ ಇರುವ ಗಾಡಿಯನ್ನು ಬಿಚ್ಚುವುದು ಎಂತಕ್ಕೆ? ಅವತ್ತು ಒಂದು ದಿನಕ್ಕೆ ಬಾಡಿಗೆ ಕಾರು ಮಾಡುವ." ಅವಳ ಮಾತಿನಲ್ಲೂ ನ್ಯಾಯ ಉಂಟು. ಬೆಂಗಳೂರಿನಲ್ಲಿರುವ ಮಗ ಫೋನಿನಲ್ಲಿ, "ಅಪ್ಪ, ಆ ಗಾಡಿಗೆ ಇನ್ನು ದುಡ್ಡು ಹಾಕ್ಬೇಡಿ, ಮಾರಿಬಿಡಿ" ಅಂದ. ಮಾರಿದರೆ ಬರುವ ದುಡ್ಡಿಗೆ ಒಳ್ಳೆಯ ಸ್ಕೂಟರ್ ಕೂಡ ಬರುವುದಿಲ್ಲ.

ಬಾಡಿಗೆ ಕಾರು ಒಂದು ದಿನಕ್ಕೆ ಆಗ್ತದೆ. ಮಗಳು ಇಲ್ಲಿಗೆ ಬಂದ ಮೇಲೆ? ನೋವು ಬರುವುದು ರಾತ್ರಿ ಎರಡು ಗಂಟೆಗೂ ಇರಬಹುದು. ಆಗ ಅಂಗಳದಲ್ಲಿರುವ ಗಾಡಿಯೇ ಹೊರಡಬೇಕು. ಹೆಂಡತಿಗೆ ಇದನ್ನೇ ಹೇಳಿದೆ. ಮತ್ತೆ ಇನ್ನೊಂದು ಮಾತು ಹೇಳಿದೆ: ಬೋರ್ಡೋ ದ್ರಾವಣವನ್ನು ನಾವು ಗೊನೆ ಚೆನ್ನಾಗಿರುವಾಗಲೇ ಬಿಡುವುದಲ್ವಾ? ಕೊಳೆ ಬಂದು ಕಾಯಿ ಉದುರಿದ ಮೇಲೆ ಉದುರಿದ ಕಾಯಿಗೆ ಬಿಟ್ಟು ಪ್ರಯೋಜನ ಎಂತ? ಅವಳು ಸ್ವಲ್ಪ ಹೊತ್ತು ಸುಮ್ಮನಿದ್ದಳು, ಆಮೇಲೆ "ಹಾಗಾದರೆ ನಾಳೆಯೇ ಬಿಡಿ" ಅಂದಳು.

ಗ್ಯಾರೇಜಿನಲ್ಲಿ ಬೆಳಿಗ್ಗೆ ಒಂಬತ್ತಕ್ಕೆ ಶುರು ಮಾಡಿದ ಕೆಲಸ ಮುಗಿಯುವಾಗ ಸಂಜೆ. ಬ್ಯಾಟರಿ ವಯರ್ ತೆಗೆದರು. ಮುಂದಿನ ಒಂದು ಚಕ್ರ ಬಿಚ್ಚಿದರು. ಎಂಜಿನ್ ಅಡಿಗೆ ಮರದ ತುಂಡು ಇಟ್ಟು ಜ್ಯಾಕ್ ಕೊಟ್ಟು, ಆ ಬದಿಯ ಮೌಂಟಿಂಗ್ ಬಿಚ್ಚಿದರು. ಹೊರಗಿನ ಬೆಲ್ಟು, ಕ್ರ್ಯಾಂಕ್ ಪುಲ್ಲಿ, ಆಮೇಲೆ ಕವರು. ಕವರು ತೆಗೆದಾಗ ಬೆಲ್ಟ್ ಕಂಡಿತು. ಹೊರಗಿನಿಂದ ನೋಡಿದರೆ ಚೆನ್ನಾಗಿಯೇ ಇತ್ತು. ನನಗೆ ಒಮ್ಮೆ, ದುಡ್ಡು ಸುಮ್ಮನೆ ಹೋಯ್ತಾ ಅನ್ನಿಸಿತು. ಹುಡುಗ ಅದನ್ನು ತೆಗೆದು ಹಿಂದಕ್ಕೆ ಬಗ್ಗಿಸಿ ತೋರಿಸಿದ. ಎರಡು ಹಲ್ಲಿನ ಬುಡದಲ್ಲಿ ಕೂದಲೆಳೆಯ ಹಾಗೆ ಬಿರುಕು. ಒಂದು ಬದಿಯಲ್ಲಿ ಆಯಿಲ್ ತಾಗಿ ಮೆತ್ತಗೆ ಆಗಿತ್ತು. ಮೇಲಿನ ಆಯಿಲ್ ಸೀಲ್ ಸೋರ್ತಾ ಇತ್ತು. ಬೆಲ್ಟಿಗೆ ಆಯಿಲ್ ಆಗುವುದಿಲ್ಲ. ಸೀಲ್ ಹಾಗೇ ಬಿಟ್ಟು ಬೆಲ್ಟ್ ಮಾತ್ರ ಹೊಸದು ಹಾಕಿದರೆ ಅದೂ ಹಾಳು. ಇನ್ನೂ ಎಷ್ಟು ದಿನ ಓಡ್ತಿತ್ತು ಅಂತ ಕೇಳಿದೆ. "ನಾಳೆ ಹೋಗಬಹುದು, ಎರಡು ವರ್ಷವೂ ಹೋಗಬಹುದು ಅಣ್ಣ" ಅಂದ. ಸರಿಯಾದ ಉತ್ತರ.

ಹೊಸ ಬೆಲ್ಟ್ ಹಾಕುವ ಮೊದಲು ಗುರುತು ಕೂಡಿಸಬೇಕು. ಮೇಲಿನ ಚಕ್ರದಲ್ಲೂ ಕೆಳಗಿನದ್ದರಲ್ಲೂ ಗುರುತು ಇರ್ತದೆ. ಒಂದು ಹಲ್ಲು ಆಚೀಚೆ ಆದರೂ ಗಾಡಿ ಎಳೆಯುವುದಿಲ್ಲ, ಹೊಗೆ ಬರ್ತದೆ. ನಾಲ್ಕೈದು ಹಲ್ಲು ತಪ್ಪಿದರೆ ವಾಲ್ವಿಗೇ ಪೆಟ್ಟು. ಟೆನ್ಷನರ್ ಬೇರಿಂಗನ್ನೂ ಹೊಸದೇ ಹಾಕಿದ. ಅದು ಜಾಮ್ ಆದರೂ ಬೆಲ್ಟ್ ಹೋಗ್ತದೆ. ಆಮೇಲೆ ಅವನು ಮಾಡಿದ ಒಂದು ಕೆಲಸ ನನಗೆ ತುಂಬ ಹಿಡಿಸಿತು. ಕೀ ತಿರುಗಿಸಲೇ ಇಲ್ಲ. ಕ್ರ್ಯಾಂಕಿನ ಬೋಲ್ಟಿಗೆ ಸ್ಪ್ಯಾನರ್ ಹಾಕಿ ಕೈಯಲ್ಲೇ ನಿಧಾನ ಎರಡು ಸುತ್ತು ತಿರುಗಿಸಿದ. ಎಲ್ಲಿಯೂ ತಾಗುವುದಿಲ್ಲ ಅಂತ ನೋಡಿದ, ಗುರುತು ಪುನಃ ಸರಿ ಬಂತಾ ನೋಡಿದ. ಕೈಯಲ್ಲಿ ತಿರುಗಿಸುವಾಗ ತಾಗಿದರೆ ಕೈಗೆ ಗೊತ್ತಾಗ್ತದೆ, ವಾಲ್ವು ಉಳೀತದೆ. ಸ್ಟಾರ್ಟರ್ ಹೊಡೆದು ನೋಡಿದರೆ ತಿಳಿಯುವ ಹೊತ್ತಿಗೆ ಬಗ್ಗಿ ಆಗಿರ್ತದೆ.

ಬೆಲ್ಟ್, ಟೆನ್ಷನರ್, ಆಯಿಲ್ ಸೀಲ್, ವಾಟರ್ ಪಂಪ್, ಕೂಲೆಂಟ್, ಮಜೂರಿ ಎಲ್ಲ ಸೇರಿ 8,350 ರೂಪಾಯಿ. ವಾಟರ್ ಪಂಪಿಗೆ ಹೋಗಲು ಅಷ್ಟೆಲ್ಲ ಪುನಃ ಬಿಚ್ಚಬೇಕು ಅಂದ, ಹಾಗಾಗಿ ಅದನ್ನೂ ಮಾಡಿಸಿದೆ. ಹಳೆ ಸಾಮಾನು ಎಲ್ಲ ಕೇಳಿ ಮನೆಗೆ ತಂದೆ.

ಮೇ ಎರಡನೆಯ ವಾರ ಹೋಗಿ ಮಗಳನ್ನು ಕರ್ಕೊಂಡು ಬಂದೆವು. ಘಾಟಿಯಲ್ಲಿ ಎರಡನೇ ಗೇರಿನಲ್ಲೇ ಇಳಿದೆ. ಕೊಟ್ಟಿಗೆಹಾರದಲ್ಲಿ ನೀರುದೋಸೆ ತಿಂದಳು, ಚಾರ್ಮಾಡಿ ಮುಟ್ಟುವವರೆಗೆ ನಿದ್ದೆ ಮಾಡಿದಳು. ಹೇಳುವಂಥದ್ದು ಎಂತದೂ ಆಗ್ಲಿಲ್ಲ. 8,350 ಕೊಟ್ಟದ್ದು ಅದಕ್ಕೇ.

ಈಗ ನಿಮಗೆ ಉಪಯೋಗ ಆಗುವ ನಾಲ್ಕು ಮಾತು.

ಒಂದು, ನಿಮ್ಮ ಗಾಡಿಯದ್ದು ಬೆಲ್ಟಾ ಚೈನಾ ಅಂತ ಕೇಳಿ ತಿಳ್ಕೊಳ್ಳಿ. ಬೆಲ್ಟಾದರೆ ಗಾಡಿಯ ಪುಸ್ತಕದಲ್ಲಿ ಎಷ್ಟು ಕಿಲೋಮೀಟರಿಗೆ, ಎಷ್ಟು ವರ್ಷಕ್ಕೆ ಅಂತ ಬರೆದಿರ್ತದೆ. ಹಲವು ಗಾಡಿಗಳಿಗೆ 60 ಸಾವಿರದಿಂದ 1 ಲಕ್ಷದ ಒಳಗೆ. ಎರಡರಲ್ಲಿ ಯಾವುದು ಮೊದಲು ಬರ್ತದೋ ಅದೇ ಲೆಕ್ಕ. ನಮ್ಮ ಹಾಗೆ ಕಡಿಮೆ ಓಡಿಸುವವರು ವರ್ಷವನ್ನೇ ನೋಡಬೇಕು. ನಿಂತ ಗಾಡಿಯಲ್ಲೂ ರಬ್ಬರ್ ಹಳೆಯದಾಗ್ತದೆ.

ಎರಡು, ಸೆಕೆಂಡ್ ಹ್ಯಾಂಡ್ ತಗೊಳ್ಳುವಾಗ ಬಿಲ್ಲು ಇಲ್ಲದಿದ್ದರೆ ಬೆಲ್ಟ್ ಬದಲಿಸಿಲ್ಲ ಅಂತಲೇ ತಿಳ್ಕೊಂಡು, ಆ ಖರ್ಚನ್ನು ರೇಟಿನಲ್ಲಿ ಕಳೆದು ಮಾತಾಡಿ.

ಮೂರು, ಬೆಲ್ಟ್ ಒಂದನ್ನೇ ಬದಲಿಸಬೇಡಿ. ಟೆನ್ಷನರ್ ಜೊತೆಗೇ ಹಾಕಿಸಿ, ಆಯಿಲ್ ಸೋರ್ತದಾ ನೋಡಿಸಿ.

ನಾಲ್ಕು, ಓಡುವಾಗ ಎಂಜಿನ್ ಟಕ್ ಅಂತ ನಿಂತರೆ ಬ್ರೇಕನ್ನು ಒತ್ತಿ ಬಿಟ್ಟು ಮಾಡಬೇಡಿ, ಒಂದೇ ಸಲ ಗಟ್ಟಿ ಒತ್ತಿ ಹಿಡಿದು ಬದಿಗೆ ತನ್ನಿ. ಗಾಡಿ ನಿಲ್ಲುವವರೆಗೆ ಕೀ ತೆಗೀಬೇಡಿ, ಸ್ಟಿಯರಿಂಗ್ ಲಾಕ್ ಆಗ್ತದೆ. ನಿಂತ ಮೇಲೆ ಪುನಃ ಪುನಃ ಸ್ಟಾರ್ಟ್ ಹೊಡೀಬೇಡಿ, ತಳ್ಳಿ ಸ್ಟಾರ್ಟ್ ಮಾಡಲೂ ಹೋಗಬೇಡಿ. ಕಟ್ಟಿ ಎಳೆಸಿಕೊಂಡು ಹೋಗಿ.

ನಮ್ಮ ಗಾಡಿಯ ಬಾನೆಟಿನ ಒಳಗೆ ಈಗ ಒಂದು ಸ್ಟಿಕ್ಕರ್ ಉಂಟು, ಬೆಲ್ಟ್ ಹಾಕಿದ ತಾರೀಕು ಮತ್ತು ಕಿಲೋಮೀಟರ್ ಬರೆದದ್ದು. ಮದ್ದು ಬಿಟ್ಟ ದಿನ ಬರೆಯುವ ಪುಸ್ತಕದಲ್ಲೂ ಅದನ್ನೇ ಬರೆದಿಟ್ಟಿದ್ದೇನೆ. ಈ ಗಾಡಿಯನ್ನು ನನ್ನಿಂದ ಯಾರು ತಗೊಳ್ತಾರೋ, ಅವರು ಕೇಳಿದಾಗ "ಮಾಡಿಸಿದ ಹಾಗೆ ನೆನಪು" ಅಂತ ನಾನು ಹೇಳಬೇಕಾಗಿಲ್ಲ. ನಿಮ್ಮ ಗಾಡಿಯದ್ದು ಯಾವ ವರ್ಷ ಹಾಕಿದ್ದು? ಒಮ್ಮೆ ಬಿಲ್ಲು ಹುಡುಕಿ ನೋಡಿ.